ಹೆಸರಿನಲ್ಲಿ ಮಂಗನಿದ್ದರೆ

ಕಾಯಿಲೆ ಬರಬಾರದು ಎಂದು ನಾನು ಹೇಳುವುದಿಲ್ಲ. ಐವತ್ತೈದರ ಮೇಲೆ ಹಾಗೆ ಹೇಳುವ ಧೈರ್ಯ ಯಾರಿಗೂ ಇರುವುದಿಲ್ಲ. ಆದರೆ ಬರುವ ಕಾಯಿಲೆಗೆ ಒಂದು ಮರ್ಯಾದೆಯ ಹೆಸರಿರಬೇಕು. ಉಡುಪಿಯಲ್ಲಿ ನಾನು ಕನ್ನಡ ಕಲಿಸುವ ಕಾಲೇಜಿನ ಸ್ಟಾಫ್ ರೂಮಿನಲ್ಲಿ ಶುಗರ್ ಇರುವವರು ಅದನ್ನು ಪದವಿಯ ಹಾಗೆ ಹೇಳಿಕೊಳ್ಳುತ್ತಾರೆ. ಬಿ.ಪಿ. ಇದ್ದವನು ಜವಾಬ್ದಾರಿಯ ಮನುಷ್ಯ, ಗ್ಯಾಸ್ಟ್ರಿಕ್ ಇದ್ದವನು ಊಟ ಬಲ್ಲವನು, ಮೈಗ್ರೇನ್ ಇದ್ದವನು ಬುದ್ಧಿವಂತ. ನನಗೆ ಬಂದಿರಬಹುದು ಎಂದು ಅನುಮಾನಪಟ್ಟ ಕಾಯಿಲೆಯ ಹೆಸರಿನಲ್ಲಿ ಮಾತ್ರ ಒಂದು ಮಂಗ ಕೂತಿತ್ತು. ಇದು ನಡೆದು ಕೆಲವು ತಿಂಗಳಾದವು. ಗುಳ್ಳೆಗಳು ಒಣಗಿ ಉದುರಿದವು, ಕಲೆಗಳೂ ಮಾಸುತ್ತಿವೆ. ಸಿಟ್ಟು ಮಾತ್ರ ಹಾಗೇ ಉಂಟು. ಅದು ಯಾರ ಮೇಲೆ ಎಂಬುದು ನಡುವೆ ಒಮ್ಮೆ ಬದಲಾಯಿತು, ಅಷ್ಟೇ.

ನನ್ನ ಭಯ ಸಾಯುವ ಭಯವಾಗಿರಲಿಲ್ಲ ಎಂದು ಮೊದಲೇ ಹೇಳಿಬಿಡುತ್ತೇನೆ. ಅಡ್ಡಹೆಸರಿನ ಭಯ. ನಮ್ಮ ಊರು ಕಾಪುವಿನಲ್ಲಿ ಒಮ್ಮೆ ಅಂಟಿದ ಅಡ್ಡಹೆಸರು ಮನುಷ್ಯ ಹೋದ ಮೇಲೂ ಹೋಗುವುದಿಲ್ಲ. ನಮ್ಮ ಓಣಿಯ ತುದಿಯಲ್ಲಿ ಸುಂದರಣ್ಣ ಎಂಬವರಿದ್ದರು. ಯಾವುದೋ ಮದುವೆಯ ಬಸ್ಸಿನಲ್ಲಿ ಅವರ ಕೈಯಿಂದ ಕಾಫಿಯ ಫ್ಲಾಸ್ಕು ಬಿದ್ದು ಒಡೆಯಿತಂತೆ. ಅಂದಿನಿಂದ ಅವರು ಫ್ಲಾಸ್ಕ್ ಸುಂದರಣ್ಣ. ಅವರು ತೀರಿಕೊಂಡು ಎಷ್ಟೋ ವರ್ಷವಾಯಿತು. ಮೊಮ್ಮಗಳು ಇಂಜಿನಿಯರು, ಆದರೂ ಆ ಮನೆ 'ಫ್ಲಾಸ್ಕಿನವರ ಮನೆ'ಯೇ. ಇಷ್ಟು ಕಾಲ ನಾನು ಬರೀ 'ಮಾಷ್ಟ್ರು' ಆಗಿ ಉಳಿದುಕೊಂಡದ್ದು ನನ್ನ ಜೀವನದ ದೊಡ್ಡ ಸಾಧನೆ. ಆ ಸಾಧನೆಯ ಬುಡಕ್ಕೇ ಮಂಗ ಕೈ ಹಾಕಿತು.

ನಡೆದದ್ದು ಇಷ್ಟು. ಮಸ್ಕತ್ತಿನಲ್ಲಿರುವ ತಂಗಿ ವಸಂತಿಯ ಮನೆಯಲ್ಲಿ ರಜೆ ಕಳೆದು ಬಂದೆ. ಬಂದ ಎರಡು ದಿನಕ್ಕೆ ಜ್ವರ, ಬೆನ್ನುನೋವು. ಆಮೇಲೆ ಎದೆ, ಬೆನ್ನು, ಮುಖದ ಮೇಲೆಲ್ಲ ಗುಳ್ಳೆ. ಅಂಗೈಯಲ್ಲೂ ಎರಡು. ಕುತ್ತಿಗೆಯ ಬದಿಯಲ್ಲಿ ಹುಣಸೆಬೀಜದಷ್ಟು ಗಂಟು. ಎದುರು ಮನೆಯ ಸದಾನಂದ ತನ್ನ ಕಾರಿನಲ್ಲಿ ನನ್ನನ್ನು ಮಣಿಪಾಲಕ್ಕೆ ಕರೆದುಕೊಂಡು ಹೋದ. ಅವನಿಗೆ ಮಲ್ಪೆಯಲ್ಲಿ ಒಂದು ಬೋಟಿನಲ್ಲಿ ಪಾಲು ಉಂಟು, ಸ್ವತಃ ಕಡಲಿಗೆ ಹೋಗುವವನು. ದಾರಿಯುದ್ದಕ್ಕೂ, "ಎಂತ ಇಲ್ಲ ಮಾಷ್ಟ್ರೇ, ಎಂತ ಇಲ್ಲ, ಉಷ್ಣ ಅಷ್ಟೇ" ಎನ್ನುತ್ತಾ ಉದ್ಯಾವರ ಸೇತುವೆ ದಾಟಿಸಿದ. ನಾವು ಮಾತಾಡುವುದೆಲ್ಲ ತುಳುವಿನಲ್ಲಿ. ಇಲ್ಲಿ ಕನ್ನಡಕ್ಕೆ ತಂದು ಬರೆಯುತ್ತಿದ್ದೇನೆ, ಹಾಗಾಗಿ ಬೈಗುಳಗಳ ಖಾರ ಸ್ವಲ್ಪ ಕಡಿಮೆಯಾಗಿರುತ್ತದೆ. ಓದುವವರು ಬೇಕಾದಷ್ಟು ಸೇರಿಸಿಕೊಳ್ಳಬಹುದು.

ಡಾಕ್ಟರು ನನ್ನ ವಿದ್ಯಾರ್ಥಿನಿಯರ ಪ್ರಾಯದ ಹುಡುಗಿ. ಕೈಗವಸು, ಮಾಸ್ಕು ಹಾಕಿಕೊಂಡು ಒಂದೊಂದೇ ಗುಳ್ಳೆಯನ್ನು, ಪರೀಕ್ಷೆಯ ಉತ್ತರಪತ್ರಿಕೆ ನೋಡುವ ಹಾಗೆ ನೋಡಿದಳು. ಶರ್ಟಿನ ತೋಳು ಮೇಲೆ ಮಾಡಿಸಿ, "ಈ ಕಲೆ ಯಾವುದು ಸರ್? ಸಿಡುಬಿನ ಲಸಿಕೆಯದ್ದಾ, ಬಿ.ಸಿ.ಜಿ.ಯದ್ದಾ?" ಎಂದು ಕೇಳಿದಳು. ಹಳೆಯ ಸಿಡುಬಿನ ಲಸಿಕೆ ತೆಗೆದುಕೊಂಡವರಿಗೆ ಸ್ವಲ್ಪ ರಕ್ಷಣೆ ಇರುತ್ತದಂತೆ. ಲಸಿಕೆ ಹಾಕುವವನು ಶಾಲೆಗೆ ಬಂದದ್ದು, ಉಳಿದ ಮಕ್ಕಳೆಲ್ಲ ಬೊಬ್ಬೆ ಹೊಡೆದದ್ದು, ನಾನೊಬ್ಬನೇ ಕಣ್ಣು ಮಿಟುಕಿಸದೆ ನಿಂತದ್ದು ಎಲ್ಲವನ್ನೂ ಹೇಳಿದೆ. ಅವಳು ಕಾದಳು. ಆದರೆ ಲಸಿಕೆ ಯಾವುದೆಂದು ನನಗೆ ಗೊತ್ತಿರಲಿಲ್ಲ.

"ಚಿಕನ್‌ಪಾಕ್ಸ್ ಮೊದಲು ಬಂದಿತ್ತಾ?"

ಈ ಪ್ರಶ್ನೆಗೆ ನನ್ನಷ್ಟು ಖಚಿತವಾಗಿ ಉತ್ತರಿಸಿದವರು ಆ ಆಸ್ಪತ್ರೆಯಲ್ಲೇ ಇರಲಿಕ್ಕಿಲ್ಲ. "ಬಂದಿತ್ತು ಮೇಡಂ. ಎರಡನೇ ಕ್ಲಾಸಿನಲ್ಲಿ. ಬಾಳೆಲೆಯ ಮೇಲೆ ಮಲಗಿಸಿದ್ದರು. ತುರಿಕೆಗೆ ಬೇವಿನ ಸೊಪ್ಪು ಸವರುತ್ತಿದ್ದರು. ದಿನಾ ಬೊಂಡ ಕೆತ್ತಿ ಎಳನೀರು. ನಮ್ಮಲ್ಲಿ ಅದನ್ನು ಅಮ್ಮ ಬಂದದ್ದು ಅಂತಾರೆ, ಹಾಗಾಗಿ ಮನೆಯಲ್ಲಿ ಒಗ್ಗರಣೆ ಕೂಡ ಹಾಕುತ್ತಿರಲಿಲ್ಲ. ಎಲೆಯ ತಂಪು ಈಗಲೂ ಬೆನ್ನಿಗೆ ನೆನಪುಂಟು."

"ಹಾಗಾದರೆ ಕಷ್ಟ ಆಯ್ತಲ್ಲ ಸರ್," ಎಂದಳು. ಚಿಕನ್‌ಪಾಕ್ಸ್ ಎರಡನೇ ಸಲ ಬರುವುದು ಅಪರೂಪ. ಅದರಲ್ಲಿ ಗುಳ್ಳೆಗಳು ಕಂತುಕಂತಾಗಿ ಏಳುತ್ತವೆ. ಒಂದು ಒಣಗುವಾಗ ಪಕ್ಕದಲ್ಲಿ ಇನ್ನೊಂದು ಹುಟ್ಟುತ್ತದೆ. ಇನ್ನೊಂದು ಕಾಯಿಲೆಯಲ್ಲಿ ಒಂದು ಜಾಗದ ಗುಳ್ಳೆಗಳು ಸಾಮಾನ್ಯವಾಗಿ ಒಂದೇ ಹದದಲ್ಲಿ, ಗಟ್ಟಿಯಾಗಿ, ನಡುವೆ ಸಣ್ಣ ಹೊಕ್ಕುಳಿನಂಥ ತಗ್ಗಿನೊಂದಿಗೆ ಇರುತ್ತವೆ. ಅಂಗೈ ಅಂಗಾಲಿಗೂ ಬರುತ್ತವೆ, ಗಂಟು ಊದುತ್ತದೆ. "ನಿಮ್ಮದು ನೋಡ್ಲಿಕ್ಕೆ ಚಿಕನ್‌ಪಾಕ್ಸಿನ ಹಾಗೇ ಉಂಟು. ಆದರೆ ಅದು ಒಮ್ಮೆ ಆಗಿ ಹೋಗಿದೆ ಅಂತೀರಿ, ಹೊರದೇಶದಿಂದ ಬಂದಿದ್ದೀರಿ, ಅಂಗೈಯಲ್ಲೂ ಉಂಟು, ಗಂಟೂ ಉಂಟು. ಎಂಪಾಕ್ಸ್ ಪರೀಕ್ಷೆ ಮಾಡದೆ ಬಿಡುವ ಹಾಗಿಲ್ಲ."

"ಎಂ ಅಂದರೆ?" ಎಂದೆ. ಗೊತ್ತಿದ್ದೂ ಕೇಳಿದೆ.

"ಮೊದಲು ಮಂಕಿಪಾಕ್ಸ್ ಅಂತಿದ್ರು. ಜನ ಆಡಿಕೊಳ್ತಾರೆ ಅಂತ ಹೆಸರು ಬದಲಾಯಿಸಿದ್ದಾರೆ ಸರ್."

ಹೀಗೆ ಬದಲಾಯಿಸಿದವರು ನಮ್ಮ ಓಣಿಯನ್ನು ನೋಡಿದವರಲ್ಲ. ಇನ್ನೊಂದು ವಿಷಯ ಕೇಳಿ ನನಗೆ ಮಂಗನ ಪರವಾಗಿಯೇ ಸಿಟ್ಟು ಬಂತು. ಈ ಕಾಯಿಲೆ ಮಂಗನದ್ದೇ ಅಲ್ಲವಂತೆ. ಪ್ರಯೋಗಾಲಯದಲ್ಲಿ ಕೂಡಿಹಾಕಿದ್ದ ಮಂಗಗಳಲ್ಲಿ ಮೊದಲು ಕಣ್ಣಿಗೆ ಬಿತ್ತು, ಅಷ್ಟೇ. ಕಾಡಿನಲ್ಲಿ ಅದನ್ನು ಸಾಕಿಕೊಂಡಿರುವುದು ಹೆಚ್ಚಾಗಿ ಇಲಿ ಅಳಿಲುಗಳ ಜಾತಿ ಎನ್ನುತ್ತಾರೆ. ಯಾರದ್ದೋ ಕಾಯಿಲೆ, ಪಂಜರದಲ್ಲಿದ್ದ ಪಾಪದ ಪ್ರಾಣಿಗೆ ಅಡ್ಡಹೆಸರು. ಮಂಗಗಳ ಲೋಕದಲ್ಲೂ ಒಂದು ಕಾಪು ಇರಬೇಕು.

ಡಾಕ್ಟರು ಗುಳ್ಳೆಯ ನೀರನ್ನು ಕಡ್ಡಿಯಿಂದ ಉಜ್ಜಿ ತೆಗೆದು ಪರೀಕ್ಷೆಗೆ ಕಳಿಸಿದಳು, ಎರಡೂ ಕಾಯಿಲೆಗಳಿಗೆ. ಫಲಿತಾಂಶ ಬರುವವರೆಗೆ ಬೇರೆ ಕೋಣೆ, ಬೇರೆ ಬಚ್ಚಲು, ಬೇರೆ ಹಾಸಿಗೆ ಬಟ್ಟೆ. ಗುಳ್ಳೆ ಮುಚ್ಚಿಕೊಂಡಿರಬೇಕು, ತುರಿಸಬಾರದು. "ಎಂಪಾಕ್ಸೇ ಆದರೂ ಹೆಚ್ಚಿನವರಿಗೆ ತಾನಾಗಿ ಗುಣವಾಗ್ತದೆ. ಜ್ವರಕ್ಕೆ, ನೋವಿಗೆ ಮದ್ದು, ಚೆನ್ನಾಗಿ ನೀರು, ಹುಣ್ಣು ಕೀವಾಗದ ಹಾಗೆ ನೋಡಿಕೊಳ್ಳುವುದು. ಹಕ್ಕಳೆ ಎಲ್ಲ ಉದುರಿ ಹೊಸ ಚರ್ಮ ಬರುವವರೆಗೆ ದೂರ ಇರಬೇಕು, ಅಷ್ಟೇ." ಹೊರಗೆ ಕಾಯುತ್ತಿದ್ದ ಸದಾನಂದನನ್ನೂ ಕರೆದು, ಮೂರು ವಾರ ಜ್ವರ, ಗುಳ್ಳೆ ಏನಾದರೂ ಕಂಡರೆ ತಿಳಿಸಬೇಕು, ಉಳಿದಂತೆ ಹೆದರಬೇಡಿ ಎಂದಳು. ಅವನು ತಲೆಯಾಡಿಸಿದ. ಮರಳುವಾಗ ಕಾರಿನ ನಾಲ್ಕೂ ಗಾಜು ಇಳಿಸಿದ್ದ. ದಾರಿಯಲ್ಲಿ ಉಷ್ಣದ ವಿಚಾರ ಬರಲಿಲ್ಲ.

ಮನೆಯ ಮಹಡಿ ಕೋಣೆ ನನ್ನ ಪಾಲಿಗೆ ಬಂತು. ಮರುದಿನವೇ ಫೋನುಗಳು ಶುರುವಾದವು. ಕನ್ನಡ ಕಲಿಸುವವನಾಗಿ ನನಗೆ ನಾಚಿಕೆಯಾಗುವ ವಿಷಯವೇನೆಂದರೆ, ನಮ್ಮ ಭಾಷೆ ಮಂಗನ ಹೆಸರನ್ನು ಒಂದಲ್ಲ, ಮೂರು ಕಾಯಿಲೆಗೆ ಕೊಟ್ಟುಬಿಟ್ಟಿದೆ. ಕೆನ್ನೆ ಊದಿದರೆ ಮಂಗನ ಬಾವು. ಘಟ್ಟದ ಕಾಡಿನಲ್ಲಿ ಉಣ್ಣಿ ಕಚ್ಚಿ ಬರುವ ಜ್ವರ ಮಂಗನ ಕಾಯಿಲೆ. ಈಗ ಇದು. ಕುತ್ತಿಗೆಯ ಗಂಟಿನ ಸುದ್ದಿ ಕೇಳಿದ ಸಹೋದ್ಯೋಗಿಯೊಬ್ಬರು, "ಮಂಗನ ಬಾವು ಮಕ್ಕಳಿಗೆ ಬರುವುದಲ್ವಾ ಸರ್?" ಎಂದು ನಕ್ಕರು. ಪಡುಬಿದ್ರಿಯಿಂದ ಹೆಂಡತಿಯ ಚಿಕ್ಕಪ್ಪ ಫೋನು ಮಾಡಿ, "ಕಾಡಿಗೆ ಯಾಕೆ ಹೋದದ್ದು ನೀವು? ಉಣ್ಣಿಗೆ ಎಣ್ಣೆ ಸಿಗ್ತದೆ, ಹಚ್ಚಿಕೊಂಡು ಹೋಗಬೇಕಿತ್ತು" ಎಂದು ಬೈದರು.

"ಮಸ್ಕತ್ತಿನಲ್ಲಿ ಎಂತ ಕಾಡು ಚಿಕ್ಕಪ್ಪ?"

"ಅದು ನನಗೆ ಹೇಗೆ ಗೊತ್ತು? ಹೋದವರು ನೀವು."

ಮೂರು ಮಂಗಗಳ ನಡುವಿನ ವ್ಯತ್ಯಾಸವನ್ನು ನಾನು ಎಲ್ಲರಿಗೂ ವಿವರಿಸಿದೆ. ಪಾಠ ಮುಗಿಯುವಾಗ ಕೇಳಿದವರ ತಲೆಯಲ್ಲಿ ಉಳಿಯುತ್ತಿದ್ದದ್ದು ಎರಡೇ: ಮಂಗ ಮತ್ತು ಮಾಷ್ಟ್ರು. ಬಾಗಿಲ ಹೊರಗೆ ಗಂಜಿ ಇಟ್ಟು ನಿಂತಿದ್ದ ಹೆಂಡತಿ ಸುಮತಿಯ ಹತ್ತಿರ ಗೋಳಾಡಿದೆ. "ಚಿಕನ್‌ಪಾಕ್ಸ್ ಆಗಿದ್ದರೆ ಇಷ್ಟು ಅವಮಾನ ಇರಲಿಲ್ಲ ಮಾರಾಯ್ತಿ."

"ಯಾಕೆ? ಕೋಳಿಯಾದರೆ ಮರ್ಯಾದೆ, ಮಂಗ ಆದರೆ ಅವಮಾನವಾ? ಗಂಜಿ ತಣ್ಣಗಾಗ್ತದೆ, ಉಣ್ಣಿ."

ಸುದ್ದಿ ಹೊರಗೆ ಹೋದದ್ದು ಹೇಗೆ? ನಾನು, ಸುಮತಿ ಬಿಟ್ಟರೆ ಗೊತ್ತಿದ್ದದ್ದು ಸದಾನಂದನಿಗೆ ಮಾತ್ರ. ಮಹಡಿಯ ಕಿಟಕಿಯಿಂದ ಅವನ ಅಂಗಳ ಚೆನ್ನಾಗಿ ಕಾಣುತ್ತದೆ. ಬೆಳಗಿನಿಂದ ಸಂಜೆಯವರೆಗೆ ಅಲ್ಲಿ ಪ್ಲಾಸ್ಟಿಕ್ ಕುರ್ಚಿ ಹಾಕಿಕೊಂಡು ನಮ್ಮ ಕಿಟಕಿಯನ್ನೇ ನೋಡುತ್ತಾ ಕೂತಿರುತ್ತಿದ್ದ. ಯಾರಾದರೂ ದಾರಿಯಲ್ಲಿ ಹೋದರೆ ಏನೋ ಹೇಳುತ್ತಿದ್ದ, ಅವರು ತಲೆಯೆತ್ತಿ ನನ್ನ ಕಿಟಕಿಯ ಕಡೆ ನೋಡುತ್ತಿದ್ದರು. ನನ್ನ ರಕ್ತ ಕುದಿಯಿತು. ಕಡಲಿಗೆ ಹೋಗುವುದನ್ನೂ ಬಿಟ್ಟು ನನ್ನ ಮಾನ ತೆಗೆಯಲು ಕೂತಿದ್ದಾನಲ್ಲ! ಆ ಕೋಪದಲ್ಲಿ ಓಣಿಯ ವಾಟ್ಸಾಪ್ ಗುಂಪಿಗೆ ಒಂದು ಧ್ವನಿ ಸಂದೇಶ ಕಳಿಸಿದೆ. ಸಿಟ್ಟು ಬಂದರೆ ನನ್ನ ಬಾಯಲ್ಲಿ ತುಳು ನಿಂತು ಪುಸ್ತಕದ ಕನ್ನಡ ಹೊರಡುತ್ತದೆ. "ನೆರೆಹೊರೆಯ ವಿಶ್ವಾಸಕ್ಕೆ ದ್ರೋಹ ಬಗೆದು, ವ್ಯಾಧಿಗ್ರಸ್ತನೊಬ್ಬನ ಘನತೆಗೆ ಕುಂದು ತರುತ್ತಿರುವ ಮೀನುಗಾರ ಮಹಾಶಯರು" ಎಂದು ಆರಂಭವಾಗಿ ಅದು ಬಹಳ ಹೊತ್ತು ಹೋಯಿತು. ಹೆಸರು ಹೇಳಲಿಲ್ಲ. ನಮ್ಮ ಓಣಿಯಲ್ಲಿ ಮೀನುಗಾರ ಮಹಾಶಯ ಇರುವುದು ಒಬ್ಬನೇ. ಸದಾನಂದ ಅದನ್ನು ಅಂಗಳದಲ್ಲೇ ಕೂತು ಕೇಳಿದ. ಕೇಳಿ ಮುಗಿಸಿ ಕುರ್ಚಿ ಎತ್ತಿಕೊಂಡು ಒಳಗೆ ಹೋದ. ನನಗೆ ಗೆದ್ದ ಹಾಗಾಯಿತು.

ಆ ಸಂಜೆ ವಸಂತಿಯ ಫೋನು ಬಂತು. ನಡೆದದ್ದನ್ನೆಲ್ಲ ಹೇಳಿದೆ. ಬಾಳೆಲೆಯ ವಿಷಯ ಬಂದಾಗ ಅವಳು, "ನಿಲ್ಲಣ್ಣ, ನಿಲ್ಲು" ಎಂದಳು.

"ಯಾರಿಗೆ ಅಮ್ಮ ಬಂದದ್ದು?"

"ನನಗೆ. ಎರಡನೇ ಕ್ಲಾಸಿನಲ್ಲಿ."

"ನಿನಗೆ ಯಾವಾಗ ಬಂತು? ಬಂದದ್ದು ನನಗೆ! ನಿನಗೆ ಅಂಟುತ್ತದೆ ಅಂತ ನಿನ್ನನ್ನು ಕಾರ್ಕಳದ ಅಜ್ಜಿ ಮನೆಗೆ ಕಳಿಸಿದ್ದರಲ್ಲ. ಹೋಗುವ ಮೊದಲು ಬಾಗಿಲಲ್ಲಿ ನಿಂತು ಅತ್ತದ್ದು ನೀನು. ನನಗೂ ಎಲೆಯ ಮೇಲೆ ಮಲಗಬೇಕು, ನನಗೂ ಬೊಂಡ ಬೇಕು ಅಂತ. ಅಮ್ಮ ಇರುವವರೆಗೆ ಅದನ್ನು ಹೇಳಿ ನಗುತ್ತಿದ್ದರು."

ಎಲೆಯ ತಂಪು ಬೆನ್ನಿಗೆ ಆಗಲೂ ಗೊತ್ತಾಗುತ್ತಿತ್ತು. ಅದರ ಪಕ್ಕದಲ್ಲೇ ಕಾರ್ಕಳದ ಅಜ್ಜಿಯ ಮನೆಯ ಕರಿಕಲ್ಲಿನ ಮೆಟ್ಟಿಲು, ಅಲ್ಲಿ ಕೂತು ದಿನವೂ ಬಸ್ಸಿನ ದಾರಿ ನೋಡಿದ್ದು ಕೂಡ ಎದ್ದು ಬಂತು. ಎರಡೂ ನನ್ನವೇ ಎಂದು ಮನಸ್ಸು ಹೇಳುತ್ತಿತ್ತು. ಒಬ್ಬ ಹುಡುಗ ಒಂದೇ ವಾರದಲ್ಲಿ ಎರಡು ಊರಿನಲ್ಲಿ ಇರಲಾರ ಎಂಬ ಸಣ್ಣ ಲೆಕ್ಕವನ್ನು ಇಷ್ಟು ವರ್ಷ ನಾನು ಮಾಡಿಯೇ ಇರಲಿಲ್ಲ. ಡೈರಿ ಬರೆಯುವ ಅಭ್ಯಾಸ ನನಗುಂಟು. ನೆನಪನ್ನು ನಂಬಬಾರದು ಎಂದು ಅದರಲ್ಲಿ ಆಗಾಗ ಬರೆದುಕೊಂಡೂ ಇದ್ದೇನೆ. ಬೇರೆಯವರ ನೆನಪಿನ ಬಗ್ಗೆ ಬರೆದದ್ದಿರಬೇಕು.

"ಇನ್ನೊಂದು ಹೇಳಲಾ?" ವಸಂತಿ ಮುಗಿಸಿರಲಿಲ್ಲ. "ಇಲ್ಲಿ ಪಕ್ಕದ ಫ್ಲ್ಯಾಟಿನ ಮಗುವಿಗೆ ಮೈಯೆಲ್ಲ ಗುಳ್ಳೆ ಎದ್ದಿತ್ತಲ್ಲ, ಚಿಕನ್‌ಪಾಕ್ಸ್. ನನಗೆ ಒಮ್ಮೆ ಆಗಿ ಹೋಗಿದೆ, ನನ್ನನ್ನು ಏನೂ ಮಾಡುವುದಿಲ್ಲ ಅಂತ ನೀನು ಅದನ್ನು ಎತ್ತಿ ಆಡಿಸಿದೆಯಂತೆ. ಅದರ ತಾಯಿ ಇವತ್ತು ಹೇಳಿದಳು. ಡಾಕ್ಟರಿಗೆ ಹೇಳಿದ್ದೀಯಾ ಇಲ್ವಾ?"

ಹೇಳಿರಲಿಲ್ಲ. ನನಗೆ ಒಮ್ಮೆ ಆಗಿ ಹೋದ ಕಾಯಿಲೆ, ಆ ಮಗುವಿನ ವಿಷಯ ಯಾಕೆ ಹೇಳಬೇಕು ಎಂದುಕೊಂಡಿದ್ದೆ. ಈಗ ನೋಡಿದರೆ ಗುಳ್ಳೆ ತಂದದ್ದು ನನ್ನ ನೆನಪು, ಡಾಕ್ಟರನ್ನು ದಾರಿ ತಪ್ಪಿಸಿದ್ದು ನನ್ನ ನೆನಪು, ಮಂಗನನ್ನು ಓಣಿಗೆ ಕರೆತಂದದ್ದೂ ಅದೇ. ಬಾಗಿಲ ಹೊರಗೆ ಬಟ್ಟೆ ಮಡಚುತ್ತಿದ್ದ ಸುಮತಿ ಎಲ್ಲವನ್ನೂ ಕೇಳಿಸಿಕೊಂಡಿದ್ದಳು. ಕೇಳಿಸದೆ ಇರುವುದಕ್ಕೆ ದಾರಿಯೇ ಇರಲಿಲ್ಲ.

"ಸುದ್ದಿ ಹೊರಗೆ ಹೋದದ್ದು ಹೇಗೆ ಅಂತ ಕೇಳ್ತಿದ್ರಲ್ಲ ನೀವು," ಎಂದಳು. "ಮಣಿಪಾಲದಿಂದ ಬಂದ ದಿನ ಇದೇ ಕಿಟಕಿಯಲ್ಲಿ ನಿಂತು, ಸ್ಪೀಕರ್ ಹಾಕಿ, ಪ್ರಿನ್ಸಿಪಾಲರ ಹತ್ತಿರ ರಜೆ ಕೇಳಿದ್ದು ಯಾರು? ಮಂಕಿಪಾಕ್ಸ್, ಮಂಕಿಪಾಕ್ಸ್ ಅಂತ ಬಿಡಿಸಿ ಬಿಡಿಸಿ ಹೇಳಿದ್ದು ಹೆಜಮಾಡಿಯವರೆಗೆ ಕೇಳಿಸಿರಬೇಕು. ಸದಾನಂದಣ್ಣ ಬಾಯಿ ಬಿಟ್ಟಿಲ್ಲ. ಬೋಟಿನವರು ಅವರನ್ನು ಹತ್ತಿಸ್ತಾ ಇಲ್ಲ. ಮೂರು ವಾರ ದಡದಲ್ಲೇ ಇರು ಅಂದಿದ್ದಾರೆ. ಪಾಪ, ಅಂಗಳದಲ್ಲಿ ಕೂತು, ನೀವು ಕಿಟಕಿಗೆ ಬಂದ್ರಾ, ಎದ್ದು ಓಡಾಡ್ತಿದ್ದೀರಾ ಅಂತ ದಿನಾ ನೋಡ್ತಿದ್ರು, ದಾರಿಯಲ್ಲಿ ಹೋಗುವವರು ಕೇಳಿದರೆ ಅದನ್ನೇ ಹೇಳ್ತಿದ್ರು. ನಿಮಗೆ ಗುಣ ಆದರೆ ಅವರಿಗೂ ಬಿಡುಗಡೆ ಅಲ್ವಾ?"

ಡಾಕ್ಟರಿಗೆ ಆಗಲೇ ಫೋನು ಮಾಡಿ ಮಗುವಿನ ವಿಷಯ, ಎಲೆಯ ವಿಷಯ ಹೇಳಿದೆ. ಅವಳು ನಗಲಿಲ್ಲ. ನಕ್ಕಿದ್ದರೆ ಸಿಟ್ಟು ಮಾಡಿಕೊಳ್ಳಲು ಒಬ್ಬರಾದರೂ ಸಿಗುತ್ತಿದ್ದರು. ಮರುದಿನ ಫಲಿತಾಂಶ ಬಂತು. ಎಂಪಾಕ್ಸ್ ಇಲ್ಲ, ಚಿಕನ್‌ಪಾಕ್ಸ್. ಈ ಪ್ರಾಯದಲ್ಲಿ ಅದೂ ಸಣ್ಣದಲ್ಲ ಎಂದು ಮಾತ್ರೆ ಕೊಟ್ಟಳು, ಹಕ್ಕಳೆ ಕಟ್ಟುವವರೆಗೆ ಕೋಣೆಯಲ್ಲೇ ಇರಿ ಎಂದಳು. ಅದೇ ಬೆಳಿಗ್ಗೆ ನಾನು ಗುಂಪಿಗೆ ಇನ್ನೊಂದು ಧ್ವನಿ ಸಂದೇಶ ಕಳಿಸಿದೆ, ಈ ಸಲ ತುಳುವಿನಲ್ಲಿ, ಬಹಳ ಚಿಕ್ಕದು. ಬಾಳೆಲೆಯ ಕಥೆ ಒಪ್ಪಿಕೊಂಡು, ಸದಾನಂದನ ಹೆಸರು ಹೇಳಿ ಕ್ಷಮೆ ಕೇಳಿದೆ. ಮೊದಲನೆಯದನ್ನು ಎಲ್ಲರೂ ಊರೆಲ್ಲ ಹಂಚಿದ್ದರು. ಎರಡನೆಯದನ್ನು ಯಾರೂ ಹಂಚಲಿಲ್ಲ.

ಹಕ್ಕಳೆ ಉದುರಿ ನಾನು ಕೆಳಗಿಳಿದ ದಿನ ಸದಾನಂದ ಬಂಗುಡೆ ಮೀನು ತುಂಬಿದ ಚೀಲ ಹಿಡಿದು ಗೇಟಿಗೆ ಬಂದ. ಬೋಟಿನವರು ಅವನನ್ನು ಹತ್ತಿಸಿಕೊಂಡಿದ್ದರು. ನನಗೆ ಮುಖ ಎತ್ತಲಾಗಲಿಲ್ಲ.

"ಸದಾನಂದ, ನನ್ನಿಂದ ನಿನಗೆ..."

"ಬಿಡಿ ಮಾಷ್ಟ್ರೇ. ನನ್ನನ್ನು ಜೀವನದಲ್ಲಿ ಯಾರೂ ಮಹಾಶಯ ಅಂತ ಕರೆದಿರಲಿಲ್ಲ. ಈಗ ಬೋಟಿನಲ್ಲಿ ಎಲ್ಲರೂ ಹಾಗೇ ಕರೆಯುವುದು." ಚೀಲ ಕೊಟ್ಟು ಎರಡು ಹೆಜ್ಜೆ ಹೋದವನು ತಿರುಗಿದ. "ಆದರೆ ಬಾಳೆಲೆಯ ಮೇಲೆ ಮಲಗಿದ್ದು ತಂಗಿ, ನೆನಪು ಅಣ್ಣನಿಗೆ! ಎಂತ ಮಂಗ ಮಾಡಿದ್ರಿ ಮಾರಾಯ್ರೆ ನಮ್ಮನ್ನೆಲ್ಲ."

ಮಂಗ ಆದವನು ನಾನೊಬ್ಬನೇ ಎಂದು ಅವನಿಗೆ ಹೇಳಬೇಕೆಂದಿದ್ದೆ. ಅಷ್ಟರಲ್ಲಿ ಗೇಟು ದಾಟಿದ್ದ.

ಮೊನ್ನೆ ಕಾಲೇಜಿಗೆ ರಜೆ, ಮನೆಯಲ್ಲಿದ್ದೆ. ಫೋನು ಬಂತು. ಸುಮತಿಯ ಮೊಬೈಲಿಗೆ, ಎತ್ತಿದ್ದು ನಾನು. ಪಾರ್ಸೆಲ್ ತಂದವನು. "ಸರ್, ಸುಮತಿ ಮೇಡಂ ಹೆಸರಿಗೆ ಒಂದು ಪಾರ್ಸೆಲ್ ಉಂಟು. ಓಣಿಗೆ ಬಂದಿದ್ದೇನೆ, ಮನೆ ಗೊತ್ತಾಗ್ತಾ ಇಲ್ಲ. ಮಂಗ ಮಾಷ್ಟ್ರ ಮನೆ ಅಂದರೆ ಎಲ್ಲರೂ ತೋರಿಸ್ತಾರೆ ಅಂತ ಹೇಳಿದ್ರು. ಅದು ಯಾವುದು ಸರ್?"

ನನ್ನ ಕಿವಿ ಬಿಸಿಯಾಯಿತು. "ಯಾರು ಹೇಳಿದ್ದು ನಿಮಗೆ?" ಎಂದು ಗುಡುಗಿದೆ. ಮೀನುಗಾರ ಮಹಾಶಯರಿಂದ ಶುರುಮಾಡಿ ಓಣಿಯ ಒಂದೊಂದು ಮನೆಯೂ ಕಣ್ಣೆದುರು ಹಾದುಹೋಯಿತು.

"ಬೆಳಿಗ್ಗೆ ಫೋನು ಮಾಡಿದಾಗ ಮೇಡಮ್ಮೇ ಹೇಳಿದ್ದು ಸರ್."

ಒಳಗೆ ಒಗ್ಗರಣೆಯ ಸದ್ದು ಕೇಳುತ್ತಿತ್ತು.

"ಫ್ಲಾಸ್ಕಿನವರ ಮನೆಯಿಂದ ಮೂರನೆಯದು," ಎಂದೆ. "ಬನ್ನಿ, ಮಾಷ್ಟ್ರು ಗೇಟಿನ ಹತ್ತಿರ ನಿಂತಿರ್ತಾರೆ."