ಹುಡುಗಿ ನೋಡಲು ಬಂದವನೂ ನನ್ನ ಕುಕ್ಕರೂ

ಆ ದಿನ ನಿಜವಾಗಿ ಆದದ್ದು ಇಷ್ಟೇ: ನನ್ನ ಮೊಮ್ಮಗಳನ್ನು ನೋಡಲು ಬಂದ ಹುಡುಗ ಅವಳನ್ನು ನೋಡುವ ಮೊದಲು ನನ್ನ ಕುಕ್ಕರನ್ನು ನೋಡಿದ. ಅಣುಶಕ್ತಿಯ ತಪ್ಪು ಇದರಲ್ಲಿ ಏನೂ ಇಲ್ಲ. ಊರಿನವರು ಕೈಕಾಲು ಸೇರಿಸಿ ಏನೇನೋ ಹೇಳುತ್ತಾರೆ. ಹೇಳಲಿ. ಕುಕ್ಕರಿನ ಯಜಮಾನಿ ನಾನು.

ಹುಡುಗನ ಹೆಸರು ದಿನಕರ. ಕಾರ್ಕಳದ ಕಡೆಯವನು. ಮಣಿಪಾಲದಲ್ಲಿ ಓದಿ, ಮದ್ರಾಸಿನಿಂದ ಆಚೆ ಸಮುದ್ರದ ಬದಿಯಲ್ಲಿರುವ ಅಣುವಿದ್ಯುತ್ ಸ್ಥಾವರದಲ್ಲಿ ಇಂಜಿನಿಯರ್ ಆಗಿದ್ದ. ದೇಶದ ನಾಲ್ಕೂ ದಿಕ್ಕಿಗೆ ಇಂಥ ಸ್ಥಾವರ ಕಟ್ಟುತ್ತೇವೆ ಎಂದು ಸರಕಾರ ಹೊರಟಿದ್ದ ಕಾಲ ಅದು. ಉತ್ತರ ಕನ್ನಡದ ಕೈಗಾದ ಕಾಡಿನಲ್ಲೂ ಒಂದು ಬರುತ್ತದೆ, ಹುಡುಗನಿಗೆ ಅಲ್ಲಿಗೇ ವರ್ಗವಾಗುತ್ತದೆ ಎಂದು ಸಂಬಂಧ ತಂದವರು ಹೇಳಿದರು. ನಮ್ಮೂರು ಕಾಪುವಿನಲ್ಲಿ ಬೆಳಿಗ್ಗೆ ಬಸ್ಸು ಹತ್ತಿದರೆ ಕತ್ತಲಾಗುವುದರೊಳಗೆ ಮೊಮ್ಮಗಳ ಮನೆ. ತಾಯಿಯಿಲ್ಲದ ಶೋಭಾಳನ್ನು ಸಾಕಿದವಳು ನಾನು. ನನಗೆ ಅಷ್ಟು ಸಾಕಿತ್ತು. ಅವಳ ಅಪ್ಪ, ಎಂದರೆ ನನ್ನ ಮಗ ವಾಸು, ಮಾತ್ರ ಅರ್ಧ ಮನಸ್ಸಿನಲ್ಲಿದ್ದ. ಉಳಿದರ್ಧವನ್ನು ಕೆಡಿಸಿದವಳು ನೆರೆಮನೆಯ ಕಮಲಕ್ಕ. ದೂರದ ಯಾವುದೋ ದೇಶದಲ್ಲಿ ಇಂಥದೇ ಒಂದು ಸಿಡಿದ ಸುದ್ದಿಯನ್ನು ರೇಡಿಯೋದಲ್ಲಿ ಕೇಳಿದಂದಿನಿಂದ ಅವಳಿಗೆ ನಿದ್ದೆಯಿಲ್ಲ.

“ಅಂಥಲ್ಲಿ ಕೆಲಸ ಮಾಡುವವರ ಮೈ ಕತ್ತಲೆಯಲ್ಲಿ ಹೊಳೀತದಂತೆ ಅಕ್ಕಾ,” ಎಂದಳು.

“ಒಳ್ಳೆಯದೇ ಆಯ್ತಲ್ಲ ಮಾರಾಯ್ತಿ. ಕರೆಂಟು ಹೋದರೆ ಚಿಮಿಣಿ ದೀಪ ಹುಡುಕುವುದು ಬೇಡ,” ಎಂದೆ.

ಕಮಲಕ್ಕನ ಹೆದರಿಕೆಗೆ ನಾನು ಬೆಲೆ ಕೊಡುತ್ತಿರಲಿಲ್ಲ. ಕುಕ್ಕರಿಗೆ ಹೆದರಿ ಇವತ್ತಿಗೂ ಮಣ್ಣಿನ ಮಡಕೆಯಲ್ಲೇ ಬೇಯಿಸುವವಳು ಅವಳು. ನಮ್ಮ ಮನೆಯಲ್ಲಿ ವಾಸು ತಂದ ಕುಕ್ಕರ್ ಇತ್ತು. ಅದರ ಮುಚ್ಚಳದಲ್ಲಿ ಸೀಟಿಯ ಹತ್ತಿರ ಸೇಫ್ಟಿ ವಾಲ್ವ್ ಎಂದು ಒಂದು ಸಣ್ಣ ಬಿರಡೆ ಇರುತ್ತದೆ. ಒಳಗೆ ಹಬೆ ಮಿತಿಮೀರಿದರೆ ಅದು ಕರಗಿ ದಾರಿ ಬಿಡುತ್ತದಂತೆ. ನಮ್ಮದು ಒಂದು ದಿನ ದಾರಿ ಬಿಟ್ಟು, ಬೇಳೆಯನ್ನೆಲ್ಲ ಮಾಡಿನ ಹಂಚಿಗೆ ಎರಚಿತು. ಹೊಸ ವಾಲ್ವಿಗೆ ಉಡುಪಿಗೆ ಹೋಗಬೇಕು. ಅಂಗಿಯ ಗುಂಡಿಯಷ್ಟು ದೊಡ್ಡ ಸಾಮಾನಿಗೆ ಯಾರು ಬಸ್ಸು ಹತ್ತುತ್ತಾರೆ? ಸೈಕಲ್ ಶಾಪಿನವನ ಕೈಯಲ್ಲಿ ಆ ತೂತಿಗೆ ಒಂದು ಬೋಲ್ಟು ಹಾಕಿಸಿ, ನಟ್ಟು ಬಿಗಿ ಮಾಡಿಸಿ ತಂದೆ. ಆಮೇಲೆ ಒಂದು ಕಾಳು ಬೇಳೆಯೂ ಹೊರಗೆ ಬಂದದ್ದಿಲ್ಲ. ಮೂರನೆಯ ಕ್ಲಾಸಿನವರೆಗೆ ಕಲಿತವಳಿಗೆ ಇಷ್ಟು ಬುದ್ಧಿ ಇದ್ದದ್ದು ದೊಡ್ಡದು ಎಂದುಕೊಂಡಿದ್ದೆ.

ಭಾನುವಾರ ಸಂಜೆ ದಿನಕರ ತಂದೆಯ ಜೊತೆ ಬಂದು ಚಾವಡಿಯಲ್ಲಿ ಕೂತ. ಒಳಗೆ ಕುಕ್ಕರಿನಲ್ಲಿ ಕಡಲೆ ಬೇಯುತ್ತಿತ್ತು; ಅದರ ಪಕ್ಕದಲ್ಲೇ ನಿಂತು ಶೋಭಾ ಕಾಫಿ ಸೋಸುತ್ತಿದ್ದಳು. ಕಮಲಕ್ಕ ಮೂಲೆಯಲ್ಲಿ ಕೂತು ಹುಡುಗನ ಮೈ ಹೊಳೆಯುತ್ತದೆಯೇ ಎಂದು ನೋಡುತ್ತಿದ್ದಳು. ಯಾರೂ ಬಾಯಿ ಬಿಡದ ಕಾರಣ ನಾನೇ ಕೇಳಿದೆ:

“ಅಲ್ಲಿ ನೀವು ಮಾಡುವುದು ಎಂತ?”

“ನೀರು ಕಾಯಿಸುವುದು ಅಜ್ಜಿ. ಸೌದೆಯ ಬದಲು ಯುರೇನಿಯಂ. ನೀರು ಹಬೆಯಾಗ್ತದೆ, ಹಬೆ ಚಕ್ರ ತಿರುಗಿಸ್ತದೆ, ಕರೆಂಟು ಬರ್ತದೆ.”

“ಇಷ್ಟು ಓದಿದ್ದು ನೀರು ಕಾಯಿಸ್ಲಿಕ್ಕಾ?”

ವಾಸು ಕೆಮ್ಮಿದ. ಹುಡುಗ ನಕ್ಕ. “ಕಾಯಿಸುವುದು ಸುಲಭ ಅಜ್ಜಿ. ಬೇಕೆಂದಾಗ ನಿಲ್ಲಿಸ್ಲಿಕ್ಕೆ ಓದಬೇಕು. ಒಂದು ಕೈಕೊಟ್ಟರೆ ಇನ್ನೊಂದು ಇರಬೇಕು, ಅದೂ ಕೈಕೊಟ್ಟರೆ ಮತ್ತೊಂದು...” ಎಂದವನು ಅಲ್ಲಿಗೇ ಮಾತು ನಿಲ್ಲಿಸಿ ಕಿವಿಗೊಟ್ಟ. “ಆಗ ಒಂದು ಸೀಟಿ ಬಂದಿತ್ತಲ್ವಾ? ಮತ್ತೆ ಯಾಕೆ ಇಲ್ಲ?”

“ನಮ್ಮ ಕುಕ್ಕರಿಗೆ ಗಲಾಟೆ ಕಡಿಮೆ,” ಎಂದೆ.

ಅಷ್ಟರಲ್ಲಿ ಅವನು ಎದ್ದಾಗಿತ್ತು. ಸೀದಾ ಅಡುಗೆಮನೆಗೆ ನುಗ್ಗಿದ. ಶೋಭಾಳ ಕೈ ಹಿಡಿದು ಹಿತ್ತಿಲ ಬಾಗಿಲಿನಿಂದ ಹೊರಗೆ ದೂಡಿದ. ತಿರುಗಿ ಬಂದು ಗ್ಯಾಸ್ ಬಂದ್ ಮಾಡಿದ. “ಎಲ್ಲರೂ ಹೊರಗೆ ಹೋಗಿ!” ಎಂದು ಕೂಗಿದ. ಹೋದೆವು. ಹುಡುಗನ ತಂದೆ ಅರ್ಧ ತಿಂದ ಚಕ್ಕುಲಿಯನ್ನು ಕೈಯಲ್ಲಿ ಹಿಡಿದುಕೊಂಡೇ ಬಾವಿಕಟ್ಟೆಯ ಹತ್ತಿರ ನಿಂತರು. ಕಮಲಕ್ಕ ಬಾವಿಯಿಂದಲೂ ಆಚೆ ನಿಂತಳು. ಕುಕ್ಕರ್ ತಣಿಯುವವರೆಗೆ ಅವನು ಯಾರನ್ನೂ ಒಳಗೆ ಬಿಡಲಿಲ್ಲ. ಕೊನೆಗೆ ಮುಚ್ಚಳ ತೆಗೆದು ಅಂಗಳಕ್ಕೆ ತಂದ. ಸೀಟಿಯ ಕೊಳವೆಯಲ್ಲಿ ಕಡಲೆಯ ಸಿಪ್ಪೆ ಸಿಕ್ಕಿಕೊಂಡು ಹಬೆಯ ದಾರಿ ಮುಚ್ಚಿತ್ತು. ಆಮೇಲೆ ಅವನ ಕಣ್ಣು ಅದರ ಪಕ್ಕಕ್ಕೆ ಹೋಯಿತು.

“ಅಜ್ಜಿ, ಇದೆಂತ?”

“ಬೋಲ್ಟು.”

“ಯಾವುದರ ಬೋಲ್ಟು?”

“ಸೈಕಲ್ಲಿನದ್ದು. ಗಟ್ಟಿ ಉಂಟು.”

ಅವನು ಮೆಟ್ಟಿಲಿನ ಮೇಲೆ ಕೂತುಬಿಟ್ಟ. ಬಾವಿಯ ಆಚೆಯಿಂದ ಕಮಲಕ್ಕ, “ಇಷ್ಟು ಸಣ್ಣದಕ್ಕೇ ಹೀಗಾದರೆ ನಿಮ್ಮಲ್ಲಿಯ ದೊಡ್ಡದು ಸಿಡಿದರೆ ಎಂತ ಗತಿ?” ಎಂದು ಕೇಳಿಯೇ ಕೇಳಿದಳು.

“ಅಲ್ಲಿ ಸೈಕಲ್ ಬೋಲ್ಟು ಹಾಕ್ಲಿಕ್ಕೆ ಬಿಡುವುದಿಲ್ಲ ಅಕ್ಕಾ,” ಎಂದ.

ಅವನ ತಂದೆಗೆ ನಾಚಿಕೆಯೋ ನಾಚಿಕೆ. “ತಪ್ಪು ತಿಳೀಬೇಡಿ. ಇವನನ್ನು ಯಾರ ಮನೆಗೂ ಕರಕೊಂಡು ಹೋಗ್ಲಿಕ್ಕಿಲ್ಲ. ಹಿಂದಿನ ಸಂಬಂಧದಲ್ಲಿ ಹುಡುಗಿಯ ಮನೆಯ ಸ್ವಿಚ್ ಬೋರ್ಡು ಬಿಚ್ಚಿದ. ಅವರು ಮತ್ತೆ ತಿರುಗಿ ನೋಡಲಿಲ್ಲ,” ಎಂದರು. ವಾಸು ನನ್ನನ್ನು ತೆಂಗಿನ ಮರದ ಬುಡಕ್ಕೆ ಕರೆದ. “ಹುಡುಗಿ ನೋಡ್ಲಿಕ್ಕೆ ಬಂದವ ಎಲ್ಲರ ಎದುರು ಅವಳ ಕೈ ಹಿಡಿದು ಎಳೆಯುವುದಾ ಅಮ್ಮ? ಈ ಸಂಬಂಧ ಬೇಡ, ಹೇಳಿ ಕಳಿಸುವ,” ಎಂದು ಪಿಸುಗುಟ್ಟಿದ. ಅವನಿಗೆ ಹೆದರಿಕೆ ಅಣುವಿನದ್ದೋ ಊರಿನವರ ಬಾಯಿಯದ್ದೋ, ಅವನಿಗೇ ಗೊತ್ತಿರಲಿಲ್ಲ.

ನಾನು ಶೋಭಾಳ ಹತ್ತಿರ ಹೋದೆ. “ಎಂತ ಹೇಳ್ತಿ?”

ಅವಳು ತನ್ನ ಕೈಯನ್ನೇ ನೋಡಿಕೊಳ್ಳುತ್ತಿದ್ದಳು. “ಅವರು ಮೊದಲು ಗ್ಯಾಸ್ ಬಂದ್ ಮಾಡಲಿಲ್ಲ ಅಜ್ಜಿ. ಮೊದಲು ನನ್ನನ್ನು ಹೊರಗೆ ಕಳಿಸಿದರು.”

“ಅದು ತಪ್ಪು. ಮೊದಲು ಗ್ಯಾಸ್ ಬಂದ್ ಮಾಡಬೇಕು,” ಎಂದೆ. ಅವಳು ನಕ್ಕಳು. ನಗುವ ಹುಡುಗಿಯ ಹತ್ತಿರ ಮತ್ತೆ ಎಂತ ಕೇಳುವುದು? ತಿರುಗಿ ಬಂದು ವಾಸುವಿಗೆ, “ಹೂಂ ಹೇಳು. ಹೆದರುವವನಿಗೇ ಹುಡುಗಿಯನ್ನು ಕೊಡಬೇಕು. ಹೆದರದವರು ಬೋಲ್ಟು ಹಾಕಿಸ್ತಾರೆ,” ಎಂದೆ. ಅವನು ಹೂಂ ಹೇಳಿದ. ಕಡಲೆ ಬೆಂದಿರಲಿಲ್ಲ, ಬರಿಯ ಅವಲಕ್ಕಿ ತಿಂದು ಮಾತು ಮುಗಿಸಿದೆವು.

ಮರುದಿನ ಬೆಳಿಗ್ಗೆ ಮುಚ್ಚಳವನ್ನು ಚೀಲಕ್ಕೆ ಹಾಕಿಕೊಂಡು ಮೊದಲ ಬಸ್ಸಿಗೆ ಉಡುಪಿಗೆ ಹೋದೆ. ಪಾತ್ರೆ ಅಂಗಡಿ ಇಟ್ಟಿದ್ದ ಬ್ಯಾರಿ ಸಾಹೇಬರು ಮುಚ್ಚಳವನ್ನು ಬೆಳಕಿಗೆ ಹಿಡಿದು, ಬೋಲ್ಟನ್ನು ಒಮ್ಮೆ, ನನ್ನನ್ನು ಒಮ್ಮೆ ನೋಡಿದರು. “ಇದನ್ನು ಹಾಕಿಸಿದ ಪುಣ್ಯಾತ್ಮರು ಯಾರಮ್ಮಾ?” ಎಂದು ಕೇಳಿದರು.

“ಕುಕ್ಕರ್ ನನ್ನದಲ್ಲ ಸಾಹೇಬರೇ,” ಎಂದೆ. “ನೆರೆಮನೆಯ ಕಮಲಕ್ಕನದ್ದು.”