ದೊಡ್ಡಪ್ಪನ ಎರಡನೇ ಎಪಿಸೋಡ್

ನಮ್ಮ ವಂಶದಲ್ಲಿ ಅತಿ ಹೆಚ್ಚು ಸಲ ಸತ್ತವರು ನಮ್ಮ ದೊಡ್ಡಪ್ಪ. ಗಾಬರಿಯಾಗಬೇಡಿ, ಇನ್ನೂ ಗಟ್ಟಿಮುಟ್ಟಾಗಿಯೇ ಇದ್ದಾರೆ! ಓದಲೆಂದು ನ್ಯೂಯಾರ್ಕಿಗೆ ಬಂದವರು ಓದು ಬಿಟ್ಟು ಕಪ್ಪುಬಿಳುಪು ಟೀವಿಯಲ್ಲಿ ನಟರಾದರು. ಹಾವಾಡಿಗ, ಪೇಟದ ಕಾವಲುಗಾರ, ಅರಮನೆಯ ಅಡುಗೆಯವನು, ಯಾರು ಬೇಕಾದರೂ ಇವರೇ. ಹೀರೋ ಬಂದು ಗುಂಡು ಹಾರಿಸುತ್ತಿದ್ದ, ಇವರು ಬೀಳುತ್ತಿದ್ದರು. ಸತ್ತವನನ್ನು ಮುಂದಿನ ವಾರ ಯಾರು ಕರೆಯುತ್ತಾರೆ? ಒಬ್ಬರಾದರೂ ಇವರನ್ನು ಎರಡನೇ ಎಪಿಸೋಡಿಗೆ ಕರೆಯಲಿಲ್ಲ. ತೊಂಬತ್ತರ ಹತ್ತಿರ ಬಂದರೂ ಆ ಕೊರಗು ಹೋಗಿಲ್ಲ.

ಕೊರಗು ಅವರದು, ಗೋಳು ನನ್ನದು! ಎಡಿಸನ್ ಊರಿನ ನಮ್ಮ ಮನೆಯಲ್ಲೇ ಇದ್ದಾರಲ್ಲ! ನನ್ನ ಮಗಳ ಬರ್ತ್‌ಡೇಗೆ ಬಂದ ಯಾರೋ ಪುಣ್ಯಾತ್ಮ, "ಅಂಕಲ್, ಟೀವೀಲಿ ಎಂಥ ರೋಲ್ ಮಾಡ್ತಿದ್ರಿ?" ಎಂದ. ಅಷ್ಟೇ ಸಾಕಾಯಿತು. ಕೇಕಿನ ತಟ್ಟೆ ಸಮೇತ ಕಾರ್ಪೆಟ್ಟಿನ ಮೇಲೆ ದೊಪ್ಪನೆ ಬಿದ್ದರು. ಮಕ್ಕಳೆಲ್ಲ ಚೀರಿದರು. ಪಕ್ಕದ ಮನೆಯ ಡಾಕ್ಟರ್ ಆಂಟಿ ಎದೆ ಒತ್ತಲು ಓಡಿ ಬಂದರೆ, ಇವರು ಒಂದೇ ಕಣ್ಣು ತೆರೆದು, "ತಾಳಮ್ಮ, ಇನ್ನೂ ಕೊನೇ ಉಸಿರು ಬಿಟ್ಟಿಲ್ಲ!" ಎಂದರು. ಕಾರ್ಪೆಟ್ಟಿನ ಕಲೆ ಇವತ್ತಿಗೂ ಹೋಗಿಲ್ಲ.

ದೊಡ್ಡಮ್ಮ ಬ್ರಿಡ್ಜ್‌ವಾಟರಿನಲ್ಲಿ ವಯಸ್ಸಾದವರನ್ನು ನೋಡಿಕೊಳ್ಳುವ ನರ್ಸಿಂಗ್ ಹೋಮಿನಲ್ಲಿದ್ದಾರೆ. ನೆನಪು ಪೂರ್ತಿ ಹೋಗಿದೆ. ದೊಡ್ಡಪ್ಪ ಗಂಡನಾಗಿ ಹೋದರೆ, "ಯಾರೋ ಗಂಡಸು ರೂಮಿಗೆ ನುಗ್ಗಿದಾನೆ!" ಎಂದು ಕೂಗುತ್ತಾರೆ. ಬೇರೆ ಯಾರಾದರೂ ಆಗಿದ್ದರೆ ಮೂಲೆ ಹಿಡಿದು ಅಳುತ್ತಿದ್ದರು. ಇವರು ವೇಷ ಕಟ್ಟಲು ಶುರುಮಾಡಿದರು! ಒಂದು ದಿನ ಪೋಸ್ಟ್‌ಮನ್, ಒಂದು ದಿನ ತೋಟದ ಮಾಲಿ. ದೊಡ್ಡಮ್ಮ ಎಲ್ಲರನ್ನೂ ಓಡಿಸಿದರು. ಲೈಸೆನ್ಸ್ ಹೋದ ಮೇಲೆ ಇವರಿಗೆ ಡ್ರೈವರ್ ಯಾರು? ನಾನೇ!

ಹೋದ ವಾರ ವೇಟರ್ ಕೋಟು. ತೋಳಿನ ಮೇಲೊಂದು ಬಿಳಿ ಬಟ್ಟೆ, ಕೈಯಲ್ಲಿ ಕಾಫಿ ಫ್ಲಾಸ್ಕು. ದಾರಿಯಲ್ಲಿ ಹಾಲಿಗೆಂದು ಗಾಡಿ ನಿಲ್ಲಿಸಿದರೆ, ಅದೇ ವೇಷದಲ್ಲಿ ಇಳಿಯುವುದೇ?

"ದೊಡ್ಡಪ್ಪ, ಆ ದರಿದ್ರ ಕೋಟು ಬಿಚ್ಚಿಟ್ಟಾದ್ರೂ ಬನ್ನಿ. ನನ್ನ ಮಾನ ಹೋಗತ್ತೆ!"

"ಕ್ಯಾರೆಕ್ಟರ್ ಬಿಟ್ಟು ಆಚೆ ಬರಬಾರ್ದು ಕಣೇ," ಎಂದು ನನಗೇ ಕಾರಿನ ಬಾಗಿಲು ತೆರೆದು ಸೊಂಟ ಬಗ್ಗಿಸಿದರು. ಅಂಗಡಿಯ ಮುಂದಿದ್ದವರೆಲ್ಲ ಕಿಸಕ್ಕನೆ ನಕ್ಕರು.

ನರ್ಸಿಂಗ್ ಹೋಮಿನಲ್ಲಿ ದೊಡ್ಡಪ್ಪ ದೊಡ್ಡಮ್ಮನಿಗೆ ಕಾಫಿ ಬಗ್ಗಿಸಿಕೊಟ್ಟು, ದೂರ ಸರಿದು ನಿಂತರು. ಇನ್ನೇನು ಕೂಗುತ್ತಾರೆ ಎಂದು ನಾನು ಬಾಗಿಲ ಬಳಿಯೇ ತಯಾರಾಗಿ ನಿಂತೆ. ದೊಡ್ಡಮ್ಮ ನಿಧಾನವಾಗಿ ಲೋಟ ಖಾಲಿ ಮಾಡಿ, ನನ್ನನ್ನು ಹತ್ತಿರ ಕರೆದರು. ನಾನು ಅವರ ಪಾಲಿಗೆ ಹೋಟೆಲಿನ ಮ್ಯಾನೇಜರ್ ಇರಬೇಕು.

"ಏನಮ್ಮ, ಈ ಮನುಷ್ಯ ಚೆನ್ನಾಗಿ ಕಾಫಿ ಕೊಡ್ತಾರೆ. ನಾಳೆನೂ ಇವರನ್ನೇ ಕಳಿಸಿ."

ವಾಪಸ್ ಬರುವಾಗ ದಾರಿಯುದ್ದಕ್ಕೂ ದೊಡ್ಡಪ್ಪ ತೋಳಿನ ಬಿಳಿ ಬಟ್ಟೆಯನ್ನು ಮಡಿಸಿ ಬಿಡಿಸಿ ಮಾಡುತ್ತಿದ್ದರು. ಮನೆಯ ಮುಂದೆ ಗಾಡಿ ನಿಂತಾಗ ಮೆಲ್ಲಗೆ, "ಕೇಳಿಸ್ಕೊಂಡ್ಯೇನೇ? ನಾಳೆನೂ ಕರೆದಿದಾಳೆ," ಎಂದರು.

ನನಗೆ ಅಳು ತಡೆಯಲಾಗಲಿಲ್ಲ. ಒಳಗೆ ಹೋದವಳೇ ಆ ದರಿದ್ರ ಕೋಟಿಗೆ ಇಸ್ತ್ರಿ ಹಾಕಿದೆ.