ಮೂರನೇ ಮಹಡಿಯ ಕಂಡಕ್ಟರರೂ ಬಾರದ ಲಿಫ್ಟೂ

ಬಾಗಲಕೋಟೆಯಲ್ಲಿ ಫ್ಲ್ಯಾಟಿನ ತಕರಾರು ನಡೆಸುವ ವಕೀಲನಿಗೆ ನಗುವುದಕ್ಕೆ ಬೇರೆ ಕಡೆ ಹೋಗಬೇಕಾಗಿಲ್ಲ. ಇಲ್ಲಿ ಕೊಂಡವರೂ ಕಟ್ಟಿದವರೂ ಹೇಗಾದರೂ ಗುರುತಿನವರೇ. ಕೋರ್ಟಿನೊಳಗೆ ಜಗಳ, ಹೊರಗೆ ಬಂದರೆ ಒಂದೇ ಗಾಡಿಯ ಹತ್ತಿರ ಚಹಾ. ಅಂಥವು ಎಷ್ಟೋ ನೋಡಿದ್ದೇನೆ. ಒಂದು ಲಿಫ್ಟಿನ ಕೇಸು ಮಾತ್ರ ನನ್ನನ್ನು ನಗಿಸಿದಷ್ಟೇ ಸಿಟ್ಟಿಗೂ ಎಬ್ಬಿಸಿತು.

ಕಾಗದದ ಮೇಲಿನ ಲಿಫ್ಟು

ಹುನಗುಂದದ ಕಡೆ ಸಾಲೆಯಲ್ಲಿ ಕಲಿಸಿ ನಿವೃತ್ತರಾದ ಅಕ್ಕೋರೊಬ್ಬರು ವಿದ್ಯಾಗಿರಿಯಲ್ಲಿ ಮೂರನೇ ಮಹಡಿಯ ಫ್ಲ್ಯಾಟ್ ಕೊಂಡಿದ್ದರು. ಅವರ ಯಜಮಾನರು ಬಸ್ ಕಂಡಕ್ಟರ್ ಆಗಿದ್ದವರು. ಲಕ್ವಾ ಹೊಡೆದು ಕಾಲು ಬಿದ್ದುಹೋಗಿ ಗಾಲಿಕುರ್ಚಿ ಹಿಡಿದಿದ್ದರು. ಲಿಫ್ಟ್ ಇಂದೋ ನಾಳೆಯೋ ಬರುತ್ತದೆಂದು ನಂಬಿ ನಾಲ್ಕು ಜನ ಅವರನ್ನು ಕುರ್ಚಿ ಸಮೇತ ಹೊತ್ತು ಮೇಲೆ ಒಯ್ದಿದ್ದರು. ವರ್ಷ ದಾಟಿತು, ಮನುಷ್ಯ ಕೆಳಗೆ ಇಳಿದಿಲ್ಲ. ಮೂವತ್ತು ವರ್ಷ ಊರೂರು ತಿರುಗಿದವರಿಗೆ ಈಗ ಒಂದೇ ಆಸೆ: ಎದುರಿನ ಚಹಾದಂಗಡಿಯ ಬೆಂಚಿನ ಮೇಲೆ ಕೂಡಬೇಕು.

ಅಕ್ಕೋರು ಬಿಲ್ಡರನ ಕರಪತ್ರ ತಂದು ನನ್ನ ಮೇಜಿನ ಮೇಲಿಟ್ಟರು. ಅದರಲ್ಲಿ ಲಿಫ್ಟಿತ್ತು. ಒಳಗೆ ಸೂಟು ಹಾಕಿದ ಒಬ್ಬ ಗಂಡಸು ನಗುತ್ತಾ ನಿಂತಿದ್ದ. ಬಿಲ್ಡರನಿಗೆ ಫೋನ್ ಹಚ್ಚಿದೆ.

"ಸಾಹೇಬ್ರ, ಆ ಫೋಟೋ ಬರೇ ಅಂದಾಜ ಬರ್ಲಿ ಅಂತ ಹಾಕಿದ್ದರಿ," ಅಂದ.

ಅಕ್ಕೋರು ಫೋನಿಗೆ ಬಾಯಿ ಹಚ್ಚಿದರು. "ಹಂಗಂದ್ರ ಆ ಸೂಟ್ ಹಾಕ್ಕೊಂಡಾವನ್ನರೆ ಕಳಸು. ನಮ್ಮ ಮನಿಯವರನ್ನ ಹೊತ್ಕೊಂಡು ಇಳಸಲಿ."

ಹಳೇ ಜ್ವರ

ಗ್ರಾಹಕರ ಆಯೋಗದಲ್ಲಿ ಮೊದಲ ದಿನವೇ ಒಂದು ಸಂಗತಿ ಹೊರಬಿತ್ತು. ಬಿಲ್ಡರ್ ನಾಲ್ಕನೇ ಇಯತ್ತೆ ಕಲಿತದ್ದು ಇದೇ ಅಕ್ಕೋರ ಕೈಯಲ್ಲಿ! ಅವರು ಒಳಗೆ ಬಂದದ್ದೇ ತಡ, ಎದ್ದು ಕೈಕಟ್ಟಿ ನಿಂತ. ಅವನ ವಕೀಲರು ಅಂಗಿ ಜಗ್ಗಿ ಕೂಡಿಸಿದರು. ಅಕ್ಕೋರು ತಿರುಗಿ ನೋಡಿದರು, ಮತ್ತೆ ಎದ್ದ.

"ಲಿಫ್ಟ್ ಯಾಕ ಹಾಕಿಲ್ಲ?" ಎಂದು ಅಧ್ಯಕ್ಷರು ಕೇಳಿದರೆ, ಅವನು ಅಕ್ಕೋರ ಕಡೆ ನೋಡುತ್ತಲೇ ಉತ್ತರ ಕೊಟ್ಟ. "ಜ್ವರಾ ಬಂದಿತ್ರಿ."

"ನಂಬಬ್ಯಾಡ್ರಿ ಸಾಹೇಬ್ರ," ಅಂದರು ಅಕ್ಕೋರು. "ನಾಕನೇತ್ತ್ಯಾಗ ಇದ್ದಾಗಿಂದ ಅದ ಜ್ವರಾ ಐತ್ರಿ ಇವಗ. ಇನ್ನೂ ಇಳಿದಿಲ್ಲ."

ಲಿಫ್ಟ್ ಎಲ್ಲಿ ಹೋಯಿತು?

ಮುಂದಿನ ತಾರೀಖಿಗೆ ಬಿಲ್ಡರ್ ಲಿಫ್ಟ್ ಹಾಕಿ ಮುಗಿಸಿದ್ದೇನೆ ಅಂದುಬಿಟ್ಟ. ಆಯೋಗದವರು ಸ್ಥಳ ನೋಡಿ ಬರಲು ಇಂಜಿನಿಯರರೊಬ್ಬರನ್ನು ಕಳಿಸಿದರು. ನಾನೂ ಹೋದೆ. ಎಲ್ಲ ಮಹಡಿಗೂ ಹೊಳೆಯುವ ಸ್ಟೀಲ್ ಬಾಗಿಲು, ಮೇಲೆ ಮಾವಿನ ತೋರಣ, ಒತ್ತುವ ಗುಂಡಿಗೆ ಕುಂಕುಮ. ಇಂಜಿನಿಯರರು ಗುಂಡಿ ಒತ್ತಿದರು. ಬಾಗಿಲು ಅಲುಗಲಿಲ್ಲ.

"ಮ್ಯಾಲ ಹೋಗಿರಬೇಕ್ರಿ," ಅಂದ ಬಿಲ್ಡರ್.

ಇಂಜಿನಿಯರರದು ದೊಡ್ಡ ಶರೀರ. ಏದುಸಿರು ಬಿಡುತ್ತಾ ಮೂರನೇ ಮಹಡಿ ಹತ್ತಿ ಅಲ್ಲಿಯೂ ಒತ್ತಿದರು.

"ಈಗ ಕೆಳಗ ಹೋತ್ ನೋಡ್ರಿ."

ಇಳಿದು ಬಂದವರೇ ಬಾಗಿಲಿನ ಸಂದಿಗೆ ಕೈಹಾಕಿ ಎಳೆದರು. ಜೋಳದ ಒಣ ಕಣಕಿಯ ಮೇವಿನ ಕಟ್ಟುಗಳು ದಡದಡನೆ ಅವರ ಕಾಲ ಮೇಲೆ ಬಿದ್ದವು. ವಾಚ್‌ಮನ್ ಓಡಿ ಬಂದ.

"ಅದನ್ಯಾಕ ತೆಗದ್ರಿ ಸಾಹೇಬ್ರ? ಎಮ್ಮಿಗೆ ಬೇಸಗಿತನಕಾ ಬೇಕ್ರಿ ಅದು!"

ಬಕೆಟ್ಟು

ಕಂಡಕ್ಟರರು ಅಲ್ಲಿಯವರೆಗೆ ಸುಮ್ಮನೆ ಕೂತಿರಲಿಲ್ಲ. ಬಾಲ್ಕನಿಯಿಂದ ಹಗ್ಗ ಕಟ್ಟಿದ ಬಕೆಟ್ ಇಳಿಬಿಟ್ಟು ಚಹಾದ ಕಿಟ್ಲಿ, ಮಿರ್ಚಿ ಭಜಿ ತರಿಸಿಕೊಳ್ಳುತ್ತಿದ್ದರು. ಅಂಗಡಿಯವ ಸೀಟಿ ಹೊಡೆದರೆ ಇವರು "ರೈಟ್!" ಎಂದು ಮೇಲೆ ಎಳೆಯುವುದು. ಬಿಲ್ಡರನ ವಕೀಲರು ಇದರ ಫೋಟೋ ತೆಗೆದು ಆಯೋಗಕ್ಕೇ ಹಾಜರುಪಡಿಸಿದರು.

"ಮ್ಯಾಲ ಕೆಳಗ ಸಾಮಾನ ಸಾಗಸಾಕ ವ್ಯವಸ್ಥಾ ಐತ್ರಿ. ತೊಂದ್ರಿ ಏನಿಲ್ಲ."

ನನಗೆ ಸಿಟ್ಟು ನೆತ್ತಿಗೇರಿತು. ಒಬ್ಬ ಮನುಷ್ಯ ನೆಲಕ್ಕೆ ಕಾಲಿಡದೆ ಕೂತಿದ್ದಾನೆ, ಇವರು ಬಕೆಟ್ ತೋರಿಸುತ್ತಾರೆ! ನಾನು ಏಳುವಷ್ಟರಲ್ಲಿ ಅಧ್ಯಕ್ಷರು ಕನ್ನಡಕ ತೆಗೆದು ಬಿಲ್ಡರನ ಮೈಕಟ್ಟನ್ನು ಅಳೆದು ನೋಡಿದರು.

"ಆತು. ಬರು ತಾರೀಖಿನೊಳಗ ನಿಮ್ಮ ಪಾರ್ಟಿ ಅದ ಬಕೀಟಿನ್ಯಾಗ ಕುಂತು ಮೂರನೇ ಮಹಡಿಗೆ ಹೋಗಿ ಒಂದು ಅಫಿಡವಿಟ್ ಹಾಕ್ಲಿ."

ಆದೇಶ ಬಂತು. ಎರಡು ತಿಂಗಳಲ್ಲಿ ಲಿಫ್ಟೂ ಬಂತು, ಈ ಸಲ ಖರೆಯದು.

ಕೊನೆಯ ಸಲಹೆ

ಕಂಡಕ್ಟರರು ಇಳಿದ ಮೊದಲ ದಿನ ನಾನೂ ಹೋಗಿದ್ದೆ. ಬೆಂಚಿನ ಮೇಲೆ ಕೂತು ಚಹಾದ ಗ್ಲಾಸು ಹಿಡಿದವರು ಕುಡಿಯದೆ ಅತ್ತುಬಿಟ್ಟರು. ಅಕ್ಕೋರೂ ಅತ್ತರು. ಕರಿಕೋಟು ಹಾಕಿಕೊಂಡು ನಾನೂ ಅತ್ತೆ, ಹೇಳಿಕೊಳ್ಳಲು ನಾಚಿಕೆಯೇನಿಲ್ಲ.

ಮುಂದಿನ ವಾರ ನನ್ನ ಆಫೀಸಿನ ಕೆಳಗೆ ಒಂದು ಆಟೋ ನಿಂತಿತು. ಕಂಡಕ್ಟರರು! ಕೈಯಲ್ಲಿ ಕರದಂಟಿನ ಡಬ್ಬಿ.

"ವಕೀಲ್ರ, ಇಲ್ಲಿ ಲಿಫ್ಟ್ ಎಲ್ಲೈತ್ರಿ?" ಎಂದು ಬೀದಿಯಿಂದಲೇ ಕೂಗಿದರು.

"ಇಲ್ಲಿ ಇಲ್ರಿ. ತಡೀರಿ, ನಾನ ಇಳದ ಬರ್ತೇನಿ," ಎಂದು ಎರಡನೇ ಮಹಡಿಯಿಂದ ಓಡಿ ಇಳಿದೆ.

"ಬಾಡಗಿದೇನ್ರಿ ಆಫೀಸು?"

"ಸ್ವಂತದ್ದರಿ. ಕೊಂಡೇನಿ."

"ಕೊಡುವಾಗ ಲಿಫ್ಟ್ ಹಾಕ್ತೀವಿ ಅಂದಿದ್ದಿಲ್ಲೇನ್ರಿ?"

"ಅಂದಿದ್ರರಿ," ಅಂದೆ ತಲೆ ಕೆರೆಯುತ್ತಾ. "ಒಂಬತ್ತು ವರ್ಷಾತು."

ಕಂಡಕ್ಟರರು ಡಬ್ಬಿ ನನ್ನ ಕೈಗಿಟ್ಟರು. ಕಟ್ಟಡವನ್ನು ಕೆಳಗಿನಿಂದ ಮೇಲಿನ ತನಕ ನೋಡಿದರು. ಆಮೇಲೆ ನನ್ನ ಹೆಗಲ ಮೇಲೆ ಕೈಯಿಟ್ಟು, ನಿಜವಾದ ಕಾಳಜಿಯಿಂದ, ಮೆಲ್ಲಗೆ ಕೇಳಿದರು.

"ಅಲ್ರಿ, ಇಷ್ಟ ದೊಡ್ಡ ಬಾಗಲಕೋಟ್ಯಾಗ ನಿಮಗ ಒಬ್ಬ ಚಲೋ ವಕೀಲ ಸಿಗ್ಲಿಲ್ಲೇನ್ರಿ?"